ಅಂಗೈ ತಿರುಗುವ ಬಗೆ: ಮುಂಗೈ ಮೊಳಕೈಗಳನ್ನು ಕುರಿತ ಒಂದು ಪಾಠ

ನಮ್ಮ ಶಾಲೆಯಲ್ಲಿ ಎಲುಬುಗಳ ಹೆಸರನ್ನು ಬಾಯಿಪಾಠ ಮಾಡಿ, ಪರೀಕ್ಷೆಯಲ್ಲಿ ಬರೆದು, ಆಮೇಲೆ ಮರೆತುಬಿಟ್ಟ ವಿದ್ಯಾರ್ಥಿನಿಯರು ಇಂದು ತಾಯಂದಿರಾಗಿದ್ದಾರೆ. ಕೆಲವರು ಅಜ್ಜಿಯರೂ ಆಗಿದ್ದಾರೆ. ಅವರು ಶಾಲೆಗೆ ಬಂದಾಗ ನಮ್ಮನ್ನು ಕೇಳುವ ಪ್ರಶ್ನೆಗಳು ಬೇರೆ ತರದವು. "ಅಕ್ಕೋರೇ, ಹುಡುಗಿ ಜೋಕಾಲಿಯಿಂದ ಬಿದ್ದಾಳ, ಕೈ ಉಳುಕೇದೋ ಮುರದೇದೋ ಹ್ಯಾಂಗ ತಿಳೀಬೇಕ್ರಿ?" ಎಂದು ಕೇಳುವವರುಂಟು. ಹುಣಸಗಿಯ ಸುತ್ತಲಿನ ಹಳ್ಳಿಗಳಿಂದ ಮಕ್ಕಳನ್ನು ನಮ್ಮಲ್ಲಿಗೆ ಕಳುಹಿಸುವ ತಾಯಿತಂದೆಗಳೂ ಇದನ್ನೇ ಕೇಳುವರು. ಆದಕಾರಣ ಹಳೆಯ ಪಾಠವೊಂದನ್ನು, ಈ ಸಾರಿ ಪರೀಕ್ಷೆಯ ಭಯವಿಲ್ಲದೆ, ಇಲ್ಲಿ ಮತ್ತೆ ಹೇಳಲು ಇಚ್ಛಿಸುತ್ತೇವೆ. ಕೈಯ ಯಾವತ್ತೂ ಸಂಗತಿಯನ್ನು ಹೇಳಹೊರಟರೆ ಈ ಸಂಚಿಕೆಯ ಪುಟಗಳು ಸಾಲವು. ಅಂಗೈ ಮೇಲಕ್ಕೂ ಕೆಳಕ್ಕೂ ತಿರುಗುವ ಒಂದೇ ಚಲನವನ್ನೂ, ಅದಕ್ಕೆ ಆಧಾರವಾದ ಮೊಳಕೈಯನ್ನೂ, ಇವೆರಡಕ್ಕೆ ಒದಗುವ ಪೆಟ್ಟುಗಳನ್ನೂ ಮಾತ್ರ ತೆಗೆದುಕೊಂಡಿದ್ದೇವೆ.

ಓದುತ್ತಿರುವವರು ಸಂಚಿಕೆಯನ್ನು ಒಂದು ಕ್ಷಣ ಕೆಳಗಿಟ್ಟು ಹೀಗೆ ಮಾಡಿ ನೋಡಿರಿ. ಬಲ ಮೊಳಕೈಯನ್ನು ಪಕ್ಕೆಗೆ ಒತ್ತಿ ಹಿಡಿದು ಮುಂಗೈಯನ್ನು ಮುಂದಕ್ಕೆ ಚಾಚಿರಿ. ಅಂಗೈಯನ್ನು ಮೇಲೆ ಮಾಡಿರಿ. ಈಗ ಕೆಳಗೆ ಮಾಡಿರಿ. ಈ ತಿರುವು ಎಲ್ಲಿ ನಡೆಯಿತು? ತರಗತಿಯಲ್ಲಿ ಹೀಗೆ ಕೇಳಿದರೆ ಬಹುಮಂದಿ "ಮಣಿಕಟ್ಟಿನಲ್ಲಿ" ಎಂದು ಉತ್ತರ ಕೊಡುವರು. ಎಡಗೈಯಿಂದ ಬಲ ಮುಂಗೈಯ ನಡುಭಾಗವನ್ನು ಮೆತ್ತಗೆ ಸುತ್ತಿ ಹಿಡಿದು ಇನ್ನೊಮ್ಮೆ ತಿರುಗಿಸಿರಿ. ಹಿಡಿದ ಬೆರಳುಗಳ ಕೆಳಗೆ ಎಲುಬು ಹೊರಳುವದು ತಿಳಿಯುವದು. ಇನ್ನು ಮೊಳಕೈಯ ಹೊರಮಗ್ಗುಲಿನ ಗಂಟಿನ ಕೆಳಗೆ ಇರುವ ಚಿಕ್ಕ ತಗ್ಗಿನಲ್ಲಿ ಬೆರಳಿಟ್ಟು ಅಂಗೈಯನ್ನು ತಿರುಗಿಸಿರಿ. ಅಲ್ಲಿ ಗುಂಡಗಿನದೊಂದು ವಸ್ತು ಕದಿರಿನಂತೆ ಇದ್ದಲ್ಲಿಯೇ ಸುತ್ತುವದು. ಆದರೆ ನೀವು ಮೇಜಿನ ಮೇಲೆ ಊರುವ ಮೊಳಕೈಯ ಚೂಪು ತುದಿ ಮಾತ್ರ ಅಲುಗುವದಿಲ್ಲ.

ಇದರ ಕಾರಣವೇನಂದರೆ, ಮುಂಗೈಯಲ್ಲಿ ಎರಡು ಎಲುಬುಗಳಿವೆ. ಅವುಗಳಲ್ಲಿ ಒಂದು ನಿಲ್ಲುವದು, ಇನ್ನೊಂದು ಅದರ ಮೇಲೆ ಹೊರಳುವದು. ನಿಲ್ಲುವದಕ್ಕೆ ಅಲ್ನಾ ಎಂದು ಹೆಸರು. ಇದು ಕಿರುಬೆರಳಿನ ಕಡೆಗಿದೆ. ಹೊರಳುವದಕ್ಕೆ ರೇಡಿಯಸ್ ಎಂದು ಹೆಸರು. ಇದು ಹೆಬ್ಬೆರಳಿನ ಕಡೆಗಿದೆ. ಅಲ್ನಾ ಮೊಳಕೈಯಲ್ಲಿ ದಪ್ಪವಾಗಿದ್ದು ಕೊಕ್ಕೆಯಂತೆ ರಟ್ಟೆಯ ಎಲುಬನ್ನು ಅಪ್ಪಿಕೊಂಡಿದೆ; ಮಣಿಕಟ್ಟಿಗೆ ಬರುವಷ್ಟರಲ್ಲಿ ಸಣ್ಣದಾಗುವದು. ರೇಡಿಯಸ್ಸಿನ ರೀತಿ ಇದಕ್ಕೆ ವಿರುದ್ಧವಾದದ್ದು. ಅದು ಮೊಳಕೈಯಲ್ಲಿ ಒಂದು ಸಣ್ಣ ಬಿಲ್ಲೆಯಷ್ಟೇ ಆಗಿದ್ದು ಮಣಿಕಟ್ಟಿನಲ್ಲಿ ಅಗಲವಾಗುವದು. ಹಸ್ತವನ್ನು ಹೊತ್ತುಕೊಂಡಿರುವದು ಬಹುಮಟ್ಟಿಗೆ ಇದೇ. ಹೀಗಿರಲಾಗಿ ರೇಡಿಯಸ್ ಹೋದಲ್ಲಿ ಹಸ್ತವೂ ಹೋಗುವದು. ಅಂಗೈ ಮೇಲಿದ್ದಾಗ ಎರಡು ಎಲುಬುಗಳೂ ಒಂದರ ಮಗ್ಗುಲಿಗೆ ಒಂದು ಮಲಗಿರುವವು. ಅಂಗೈಯನ್ನು ಕೆಳಗೆ ಮಾಡಿದಾಗ ರೇಡಿಯಸ್ ಅಲ್ನಾದ ಮೇಲೆ ಅಡ್ಡ ಹಾಯುವದು. ವೈದ್ಯರು ಮೊದಲಿನ ತಿರುವಿಗೆ ಸುಪಿನೇಶನ್ ಎಂತಲೂ ಎರಡನೆಯದಕ್ಕೆ ಪ್ರೊನೇಶನ್ ಎಂತಲೂ ಅನ್ನುವರು. ನಾವು ಇಲ್ಲಿ ಮೇಲ್ಮುಖ ತಿರುವು, ಕೆಳಮುಖ ತಿರುವು ಎಂದು ಕರೆಯೋಣ. ಬೇಡುವ ಕೈ ಮೇಲ್ಮುಖ, ನೀಡುವ ಕೈ ಕೆಳಮುಖ ಎಂದು ನೆನಪಿಟ್ಟರೆ ಸಾಕು.

ರೇಡಿಯಸ್ಸಿನ ಬಿಲ್ಲೆಯಂಥ ತಲೆಯನ್ನು ಒಂದು ಉಂಗುರವು ಹಿಡಿದಿಟ್ಟಿದೆ. ಆ ಉಂಗುರದ ಐದರಲ್ಲಿ ಸುಮಾರು ನಾಲ್ಕು ಪಾಲು ಗಟ್ಟಿಯಾದ ನಾರು. ಉಳಿದದ್ದು ಅಲ್ನಾದ ಮಗ್ಗುಲಿನ ಒಂದು ತಗ್ಗು. ಹಳೆಯ ಮನೆಗಳ ಕದವು ತಿರುಗಣಿಯಲ್ಲಿ ತಿರುಗುವಂತೆ ತಲೆಯು ಈ ಉಂಗುರದೊಳಗೆ ತಿರುಗುವದು. ಕೆಳಗೆ ಮಣಿಕಟ್ಟಿನ ಹತ್ತಿರ ರೇಡಿಯಸ್ ಅಲ್ನಾದ ತುದಿಯನ್ನು ಸುತ್ತಿಕೊಂಡು ಸರಿಯುವದು. ಈ ಎರಡು ಕೀಲುಗಳ ನಡುವೆ ಎಲುಬಿನಿಂದ ಎಲುಬಿಗೆ ಒಂದು ತೆಳು ನಾರಿನ ಪೊರೆಯು ಬಿಗಿದಿದೆ. ಇಷ್ಟರಲ್ಲಿ ಯಾವದೊಂದು ಕೆಟ್ಟರೂ ತಿರುವು ಕುಂದುವದು. ರೇಡಿಯಸ್ ನೆಟ್ಟಗಿಲ್ಲದೆ ಸ್ವಲ್ಪ ಬಾಗಿರುವದನ್ನೂ ಗಮನಿಸತಕ್ಕದ್ದು. ಬಕೆಟ್ಟಿನ ಹಿಡಿಕೆ ಬಾಗಿರುವದರಿಂದಲೇ ಅಂಚನ್ನು ದಾಟಿ ಆಚೆಗೆ ಬೀಳುವದಷ್ಟೆ. ಹಾಗೆಯೇ ಈ ಬಾಗು ಇರುವದರಿಂದಲೇ ರೇಡಿಯಸ್ ತನ್ನ ನೆರೆಯ ಎಲುಬನ್ನು ದಾಟಬಲ್ಲದು. ಈ ಮಾತು ಮುಂದೆ ಎಲುಬು ಮುರಿದ ಸಂಗತಿಯಲ್ಲಿ ಮತ್ತೆ ಬರುವದು.

ಇಂಥ ಏರ್ಪಾಡು ಎಲ್ಲ ಪ್ರಾಣಿಗಳಿಗೂ ಇಲ್ಲ. ನಮ್ಮ ಎತ್ತಿನ ಮುಂಗಾಲಿನಲ್ಲಿಯೂ ಈ ಎರಡು ಎಲುಬುಗಳುಂಟು. ಆದರೆ ಅವು ಒಂದಕ್ಕೊಂದು ಬೆಸೆದುಕೊಂಡು, ಗೊರಸು ಸದಾ ನೆಲವನ್ನೇ ನೋಡುವಂತೆ ಕೆಳಮುಖವಾಗಿ ನಿಂತಿವೆ. ಕುದುರೆಯದೂ ಹಾಗೆಯೇ. ಭಾರ ಹೊತ್ತು ಓಡುವ ಕಾಲಿಗೆ ತಿರುವು ಬೇಡ, ಗಟ್ಟಿತನ ಬೇಕು. ಬೆಕ್ಕು ತನ್ನ ಪಂಜವನ್ನು ಸ್ವಲ್ಪ ತಿರುಗಿಸಬಲ್ಲದು. ಮರದ ಕೊಂಬೆಗೆ ಜೋತುಬೀಳುವ ವಾನರಗಳಿಗೆ ಮಾತ್ರ ನಮಗಿರುವಷ್ಟೇ, ಕೆಲವಕ್ಕೆ ನಮಗಿಂತಲೂ ಹೆಚ್ಚಿನ ತಿರುವು ಇದೆ.

ಕೊಂಬೆಯನ್ನು ಹಿಡಿಯುವದಕ್ಕೆ ಉಪಯೋಗವಾಗುತ್ತಿದ್ದ ಈ ತಿರುವು ಕಸುಬಿಗೆ ಒದಗಿಬಂದದ್ದಕ್ಕೆ ಸಾಕ್ಷಿಯನ್ನು ನಾವು ದೂರ ಹುಡುಕಬೇಕಾಗಿಲ್ಲ. ಪುಣೆಯ ಡೆಕ್ಕನ್ ಕಾಲೇಜಿನ ಪ್ರಾಕ್ತನಶಾಸ್ತ್ರಜ್ಞರಾದ ಕೆ. ಪದ್ದಯ್ಯನವರು 1970ರ ದಶಕದಿಂದ ಹುಣಸಗಿಯ ಕಣಿವೆಯಲ್ಲಿ ನಡೆದಾಡಿ ಹಳೆಯ ಶಿಲಾಯುಗದ ಅನೇಕ ನೆಲೆಗಳನ್ನು ಕಂಡುಹಿಡಿದರು. ಅವುಗಳಲ್ಲಿ ಇಸಾಂಪುರದ್ದು ಹೆಸರಾದದ್ದು. ಅಲ್ಲಿ ಸುಣ್ಣಕಲ್ಲಿನ ಹಾಸುಗಳಿಂದ ಕಲ್ಲು ಕಿತ್ತು, ಗುಂಡುಕಲ್ಲಿನಿಂದ ಹೊಡೆದು, ಕೈಗೊಡಲಿಗಳನ್ನು ಮಾಡುತ್ತಿದ್ದರು. ಮಾಡಿದ ಆಯುಧಗಳೂ, ಹೊಡೆದ ಗುಂಡುಗಳೂ, ಹಾರಿದ ಚಕ್ಕೆಗಳೂ ಒಂದೇ ಕಡೆಗೆ ದೊರೆತಿವೆ. ಅಲ್ಲಿ ಸಿಕ್ಕ ಪ್ರಾಣಿಗಳ ಹಲ್ಲುಗಳನ್ನು ಪರೀಕ್ಷಿಸಿ ಆ ನೆಲೆಗೆ ಸುಮಾರು 12 ಲಕ್ಷ ವರ್ಷಗಳ ವಯಸ್ಸನ್ನು ಹೇಳಿರುವರು. ಕೆಲಸ ಮಾಡಿದವರ ಎಲುಬು ಸಿಕ್ಕಿಲ್ಲವಾದರೂ ಅವರ ಕೈಯ ಚಲನವನ್ನು ಕಲ್ಲುಗಳೇ ಹೇಳುವವು. ಕೈಗೊಡಲಿಯ ಎರಡೂ ಮುಖಗಳಿಂದ ಚಕ್ಕೆ ತೆಗೆಯಬೇಕಾದರೆ ಕಲ್ಲನ್ನು ಹಿಡಿದ ಕೈಯು ಅದನ್ನು ಮೇಲಿಂದ ಕೆಳಕ್ಕೆ ಮತ್ತೆ ಮತ್ತೆ ಹೊರಳಿಸುತ್ತಿರಬೇಕು. ಹೊಡೆಯುವ ಕೈಯ ಮೊಳಕೈ ಮಡಚಿ ಬಿಚ್ಚುತ್ತಿರಬೇಕು. ರೊಟ್ಟಿ ಬಡಿದು ಹಂಚಿನ ಮೇಲೆ ಮಗುಚಿ ಹಾಕುವ ಹೆಣ್ಣುಮಗಳ ಕೈಯಲ್ಲಿ ಇಂದಿಗೂ ನಡೆಯುವದು ಅದೇ ಕೆಲಸ. ಇಸಾಂಪುರಕ್ಕೆ ಹೋಗಿಬಂದ ವಿದ್ಯಾರ್ಥಿನಿಯರು ಕಲ್ಲುಗಳನ್ನು ಕಂಡು "ಇಷ್ಟೇನೇ?" ಎಂದು ನಿರಾಶರಾಗುವದುಂಟು. ಅಂಥವರಿಗೆ ಒಂದು ಬೆಣಚುಕಲ್ಲನ್ನು ಕೊಟ್ಟು ಅದರ ಎರಡೂ ಮಗ್ಗುಲಿಗೆ ಅಂಚು ತೆಗೆಯಲು ಹೇಳಬೇಕೆಂದು ನಮಗೆ ತೋರುವದು.

ಇನ್ನು ಅಳತೆಯ ಮಾತು. ಮೊಳಕೈಯನ್ನು ಪಕ್ಕೆಗೆ ಒತ್ತಿ, ಮುಷ್ಟಿಯಲ್ಲಿ ಒಂದು ಪೆನ್ಸಿಲನ್ನು ನೆಟ್ಟಗೆ ಹಿಡಿದು, ಹೆಬ್ಬೆರಳು ಆಕಾಶವನ್ನು ನೋಡುವಂತೆ ಇಟ್ಟುಕೊಂಡರೆ ಅದು ಸೊನ್ನೆಯ ಸ್ಥಾನ. ಅಲ್ಲಿಂದ ಹೊರಕ್ಕೆ, ಅಂದರೆ ಮೇಲ್ಮುಖವಾಗಿ, ಪೆನ್ಸಿಲು ಸುಮಾರು 80ರಿಂದ 90 ಅಂಶ ವಾಲುವದು; ಒಳಕ್ಕೆ, ಅಂದರೆ ಕೆಳಮುಖವಾಗಿ, 75ರಿಂದ 85 ಅಂಶ. ಮೊಳಕೈ ಮಡಚುವದು ಸುಮಾರು 140ರಿಂದ 150 ಅಂಶಗಳವರೆಗೆ. ಚಾಚಿದರೆ ನೆಟ್ಟಗೆ ನಿಲ್ಲುವದು; ಎಷ್ಟೋ ಹುಡುಗಿಯರಿಗೆ ನೆಟ್ಟಗಿಗಿಂತ ಐದು ಹತ್ತು ಅಂಶ ಹಿಂದಕ್ಕೂ ಬಾಗುವದು, ಇದು ರೋಗವಲ್ಲ. ಮೊಳಕೈಯನ್ನು ಪಕ್ಕೆಗೆ ಒತ್ತಿ ಹಿಡಿಯಬೇಕೆಂದು ಎರಡು ಸಾರಿ ಹೇಳಿದ್ದಕ್ಕೆ ಕಾರಣವುಂಟು. ಕೈಯನ್ನು ಉದ್ದಕ್ಕೆ ಚಾಚಿ ತಿರುಗಿಸಿದರೆ ಹೆಗಲೂ ಕೂಡಿಕೊಂಡು ತಿರುಗುವದು. ಆಗ ಮುಂಗೈಯ ಕೊರತೆಯನ್ನು ಹೆಗಲು ಮರೆಮಾಚುವದು. ಅಳೆಯುವಾಗ ಎಡಬಲ ಎರಡೂ ಕೈಗಳನ್ನು ಜೊತೆಯಾಗಿ ತಿರುಗಿಸಿ ಹೋಲಿಸಿ ನೋಡಬೇಕು. ಪುಸ್ತಕದ ಅಂಕಿಗಿಂತ ಅದೇ ಮಗುವಿನ ಇನ್ನೊಂದು ಕೈ ಒಳ್ಳೆಯ ಪ್ರಮಾಣ.

ಈ ತಿರುವನ್ನು ಮಾಡುವ ಸ್ನಾಯುಗಳಲ್ಲಿ ಒಂದನ್ನು ಮಾತ್ರ ಇಲ್ಲಿ ಹೇಳುವೆವು. ರಟ್ಟೆಯ ಮುಂದುಗಡೆ ಉಬ್ಬುವ ಬೈಸೆಪ್ಸ್ ಎಂಬದು ಮೊಳಕೈ ಮಡಚಲಿಕ್ಕೆಂದೇ ಇದೆಯೆಂದು ಹುಡುಗರು ತಿಳಿದಿರುವರು. ಎಡಗೈಯನ್ನು ಬಲ ರಟ್ಟೆಯ ಮೇಲಿಟ್ಟು, ಮೊಳಕೈ ಮಡಚಿಕೊಂಡೇ, ಬಿಗಿಯಾದ ಬೀಗದಲ್ಲಿ ಕೀಲಿಕೈಯನ್ನು ಬಲಕ್ಕೆ ತಿರುಗಿಸಿ ನೋಡಿರಿ. ರಟ್ಟೆ ಉಬ್ಬುವದು. ಎಡಕ್ಕೆ ತಿರುಗಿಸಿರಿ, ಸಡಿಲಾಗುವದು. ಮೇಲ್ಮುಖ ತಿರುವಿನ ದೊಡ್ಡ ಬಲವು ಇದೇ ಸ್ನಾಯುವಿನದು. ಅದು ಮೊಳಕೈ ಮಡಚಿದಾಗ ಹೆಚ್ಚು, ಚಾಚಿದಾಗ ಕಡಿಮೆ. ಮುಚ್ಚಳ ಬಿಗಿಯಾದ ಉಪ್ಪಿನಕಾಯಿಯ ಡಬ್ಬಿಯನ್ನು ಎದೆಯ ಹತ್ತಿರ ತಂದುಕೊಂಡು ತಿರುಗಿಸುವ ಗೃಹಿಣಿಯು ಇದನ್ನು ಓದದೆಯೇ ಬಲ್ಲಳು.

ದಿನದ ಕೆಲಸಕ್ಕೆ ಎಷ್ಟು ತಿರುವು ಬೇಕು? ಅಮೇರಿಕೆಯ ಮೇಯೋ ಕ್ಲಿನಿಕ್ಕಿನ ವೈದ್ಯರು 1981ರಲ್ಲಿ ಇದನ್ನು ಅಳೆದು, ಮೇಲ್ಮುಖವಾಗಿ 50 ಅಂಶ, ಕೆಳಮುಖವಾಗಿ 50 ಅಂಶ, ಮಡಚಲು 30ರಿಂದ 130 ಅಂಶಗಳಷ್ಟು ಇದ್ದರೆ ಸಾಮಾನ್ಯ ಕೆಲಸಗಳೆಲ್ಲ ಸಾಗುವವೆಂದು ಹೇಳಿದರು. ಮೊಬೈಲನ್ನು ಕಿವಿಗೆ ಹಿಡಿಯಲು ಇದಕ್ಕಿಂತ ಹೆಚ್ಚು ಮಡಚಬೇಕು, ಕಂಪ್ಯೂಟರಿನ ಕೀಲಿಮಣೆಗೆ ಇದಕ್ಕಿಂತ ಹೆಚ್ಚು ಕೆಳಮುಖ ತಿರುವು ಬೇಕು ಎಂದು ಆಮೇಲಿನವರು ತೋರಿಸಿದ್ದಾರೆ. ಆದರೆ ಆ ಅಳತೆಗಳು ಚಮಚದಿಂದ ಉಣ್ಣುವ ಜನರವು. ನಮ್ಮಲ್ಲಿ ತುತ್ತನ್ನು ತಟ್ಟೆಯಿಂದ ಎತ್ತುವಾಗ ಅಂಗೈ ಕೆಳಗೆ, ಬಾಯಿಗೆ ಇಡುವಾಗ ಅಂಗೈ ತನ್ನ ಕಡೆಗೆ. ಮುಖ ತೊಳೆಯಲು ಬೊಗಸೆ ಬೇಕು. ಶೌಚಕ್ಕೆ ತಿರುವು ಬೇಕು. ಜಡೆ ಹೆಣೆಯಲು ಮೊಳಕೈ ಪೂರ್ತಿ ಮಡಚಬೇಕು. ಕೆಳಮುಖ ತಿರುವು ಕಡಿಮೆಯಾದವರು ಮೊಳಕೈಯನ್ನು ಹೊರಕ್ಕೆ ಎತ್ತಿ, ಹೆಗಲಿನ ಸಹಾಯದಿಂದ ಕೆಲಸ ಸಾಗಿಸಿಕೊಳ್ಳುವರು. ಮೇಲ್ಮುಖ ತಿರುವನ್ನು ಕಳೆದುಕೊಂಡವರಿಗೆ ಅಂಥ ಸುಲಭದ ಉಪಾಯವಿಲ್ಲ. ಅಂಗಡಿಯವನು ಕೊಡುವ ಚಿಲ್ಲರೆಯನ್ನು ಹಿಡಿಯಲಾರದ ಕೈ ಅದು.

ಇಂಥ ಕೈಯನ್ನು ಮೊದಲು ಕಾಣುವವಳು ಕೆಲವೊಮ್ಮೆ ಶಿಕ್ಷಕಿಯೇ. ಒಂದು ವರ್ಷ ನಮ್ಮಲ್ಲಿಗೆ ಹೊಸದಾಗಿ ಸೇರಿದ ಒಬ್ಬ ಹುಡುಗಿಯು ವಹಿಯನ್ನು ಇಸಿದುಕೊಳ್ಳುವಾಗಲೆಲ್ಲ ಹಸ್ತದ ಬೆನ್ನನ್ನು ಮೇಲೆ ಮಾಡಿ ಬೆರಳುಗಳ ನಡುವೆ ಹಿಡಿಯುತ್ತಿದ್ದಳು. ಒಬ್ಬ ಶಿಕ್ಷಕಿಯು ಇದನ್ನು ಅವಿನಯವೆಂದು ಎಣಿಸಿ ದೂರು ತಂದರು. ಹುಡುಗಿಯನ್ನು ಕರೆದು ಮೊಳಕೈಯನ್ನು ಪಕ್ಕೆಗೆ ಒತ್ತಿ ಅಂಗೈ ತೋರಿಸೆಂದರೆ ಎರಡು ಕೈಗಳೂ ತಿರುಗಲಿಲ್ಲ. ಕೆಲವು ಮಕ್ಕಳಲ್ಲಿ ಹುಟ್ಟುವಾಗಲೇ ಮುಂಗೈಯ ಎರಡು ಎಲುಬುಗಳು ಮೊಳಕೈಯ ಹತ್ತಿರ ಕೂಡಿಕೊಂಡಿರುವವು. ತಾಯಿಯ ಗರ್ಭದಲ್ಲಿ ಎಲ್ಲರಿಗೂ ಆರಂಭದಲ್ಲಿ ಕೂಡಿಯೇ ಇರುವ ಇವು ಬೇರ್ಪಡದೆ ಉಳಿದುಬಿಡುವದೇ ಇದರ ಕಾರಣ. ನೋವಿಲ್ಲದಿರುವದರಿಂದ ಮನೆಯವರಿಗೆ ತಿಳಿಯುವದಿಲ್ಲ; ಮಗು ತಾನೇ ಹೆಗಲಿನಿಂದಲೂ ಮಣಿಕಟ್ಟಿನಿಂದಲೂ ಉಪಾಯ ಮಾಡಿಕೊಂಡಿರುವದು. ವೈದ್ಯರು ಆಕೆಯ ಕೈಯ ಚಿತ್ರ ತೆಗೆಸಿ, ಕೈ ಅತಿಯಾಗಿ ಕೆಳಮುಖವಾಗಿಲ್ಲವಾದ್ದರಿಂದ ಶಸ್ತ್ರಕ್ರಿಯೆ ಬೇಡವೆಂದರು. ಅಂದಿನಿಂದ ಆಕೆಗೆ ವಹಿಯನ್ನು ಮೇಜಿನ ಮೇಲೆ ಇಟ್ಟು ಕೊಡಲಾಗುತ್ತಿತ್ತು. ಅಕ್ಷರ ಮಾತ್ರ ತರಗತಿಯಲ್ಲಿಯೇ ಅಂದವಾದದ್ದು. ಬರೆಯುವ ಕೈಗೆ ಬೇಕಾದದ್ದು ಕೆಳಮುಖ ತಿರುವಷ್ಟೆ.

ಈಗ ಪೆಟ್ಟುಗಳ ವಿಷಯ. ಚಿಕ್ಕ ಕೂಸಿನಿಂದ ಆರಂಭಿಸುವೆವು. ಒಂದರಿಂದ ನಾಲ್ಕು ವರ್ಷದೊಳಗಿನ ಕೂಸನ್ನು ಒಂದು ಕೈಯಿಂದ ಹಿಡಿದು ಸರಕ್ಕನೆ ಎಳೆದರೆ, ಬಸ್ಸನ್ನು ಹತ್ತಿಸುವಾಗ ಎತ್ತಿದರೆ, ಆಟಕ್ಕೆಂದು ಎರಡು ಕೈ ಹಿಡಿದು ಗರಗರ ತಿರುಗಿಸಿದರೆ, ನಾವು ಮೇಲೆ ಹೇಳಿದ ನಾರಿನ ಉಂಗುರವು ರೇಡಿಯಸ್ಸಿನ ತಲೆಯ ಮೇಲಿಂದ ಜಾರಿ ಕೀಲಿನೊಳಗೆ ಸಿಕ್ಕಿಕೊಳ್ಳುವದು. ಕೂಸು ಒಮ್ಮೆ ಚೀರಿ, ಆಮೇಲೆ ಅಳು ನಿಂತರೂ ಕೈಯನ್ನು ಅಲುಗಿಸದೆ, ಅಂಗೈ ಕೆಳಮುಖವಾಗಿ ಜೋಲುಬಿಟ್ಟುಕೊಂಡು ಇರುವದು. ಬಾವು ಇರುವದಿಲ್ಲ. ತಿಳಿದ ವೈದ್ಯರು ಮುಂಗೈಯನ್ನು ಒಂದು ರೀತಿಯಲ್ಲಿ ತಿರುಗಿಸಿದರೆ ಟಕ್ಕೆಂದು ಸರಿಹೋಗುವದು; ಸ್ವಲ್ಪ ಹೊತ್ತಿಗೆ ಕೂಸು ಅದೇ ಕೈಯಿಂದ ಬಿಸ್ಕೀಟನ್ನು ಕಸಿದುಕೊಳ್ಳುವದು. ಎಳೆಯುವವರು ಬಹುಮಟ್ಟಿಗೆ ಬಲಗೈಯವರಾದ್ದರಿಂದ ಕೂಸಿನ ಎಡಗೈಯೇ ಹೆಚ್ಚಾಗಿ ಇದಕ್ಕೆ ಗುರಿಯಾಗುವದು. ಕೂಸನ್ನು ಎತ್ತುವಾಗ ಕಂಕುಳಿಗೆ ಕೈ ಕೊಟ್ಟು ಎತ್ತಬೇಕು. ಕೂಸು ಬಿದ್ದಿದ್ದರೆ, ಅಥವಾ ಬಾವು ಇದ್ದರೆ, ಇದು ಆ ಬಗೆಯ ಪೆಟ್ಟಲ್ಲವೆಂದು ತಿಳಿದು ಯಾರೂ ಕೈಯನ್ನು ತಿರುಗಿಸಲಾಗದು.

ನಮ್ಮ ಮನಸ್ಸಿನಲ್ಲಿ ಹೆಚ್ಚು ಭಾರವಾಗಿರುವ ಪೆಟ್ಟು ಇನ್ನೊಂದು. ನಾಗರಪಂಚಮಿಗೆ ಬೇವಿನ ಮರಕ್ಕೂ ಹುಣಸೆಯ ಮರಕ್ಕೂ ಜೋಕಾಲಿ ಕಟ್ಟುವದು ನಮ್ಮ ಸೀಮೆಯ ಹೆಣ್ಣುಮಕ್ಕಳ ಸಂಭ್ರಮ. ಮಣ್ಣಿನ ಮಾಳಿಗೆಯ ಮೇಲೆ ಆಡುವದೂ, ಹುಣಸೆಕಾಯಿಗೆ ಮರ ಹತ್ತುವದೂ ವರ್ಷವಿಡೀ ಉಂಟು. ಬೀಳುವ ಮಗು ನೆಲಕ್ಕೆ ಕೈ ಊರುವದು. ಆಗ ಐದರಿಂದ ಏಳು ವರ್ಷದ ಮಕ್ಕಳಲ್ಲಿ ಹೆಚ್ಚಾಗಿ ರಟ್ಟೆಯ ಎಲುಬು ಮೊಳಕೈಗೆ ತುಸು ಮೇಲೆ ಮುರಿಯುವದು. ಅಲ್ಲಿ ಎಲುಬು ತೆಳ್ಳಗಿದೆ. ಆ ಮುರಿತದ ಮುಂದೆಯೇ ಕೈಗೆ ನೆತ್ತರು ಒಯ್ಯುವ ದೊಡ್ಡ ನಾಳವೂ ನರಗಳೂ ಹಾದುಹೋಗಿವೆ. ಎಲುಬಿನ ಚೂಪು ತುದಿ ಅವನ್ನು ಒತ್ತಬಹುದು. ಮೊಳಕೈ ಗಡಿಗೆಯಂತೆ ಊದಿಕೊಳ್ಳಬಹುದು. ಹೀಗೆ ಊದುತ್ತಿರುವ ಕೈಗೆ ಬಿದಿರಿನ ದಬ್ಬೆಯಿಟ್ಟು ಬಿಗಿಯಾಗಿ ಕಟ್ಟಿದರೆ ಆಗುವದೇನು? ಬಾವಿಗೆ ಹೊರಕ್ಕೆ ದಾರಿಯಿಲ್ಲದೆ ಒತ್ತಡವು ಒಳಕ್ಕೆ ತಿರುಗುವದು. ಮುಂಗೈಯ ಸ್ನಾಯುಗಳಿಗೆ ನೆತ್ತರು ನಿಲ್ಲುವದು. ಸುಮಾರು ಆರು ತಾಸು ಹೀಗೆ ಉಳಿದರೆ ಸ್ನಾಯುಗಳು ಸತ್ತುಹೋಗುವವು. ಸತ್ತ ಸ್ನಾಯು ತಿರುಗಿ ಚಿಗುರುವದಿಲ್ಲ. ಒಣಗಿ ನಾರಾಗಿ ಗಿಡ್ಡವಾಗುವದು. ಬೆರಳುಗಳು ಕೊಕ್ಕೆಯಂತೆ ಮಡಚಿ, ಮಣಿಕಟ್ಟು ಬಾಗಿ, ಮುಂಗೈ ಎಂದೆಂದಿಗೂ ಕೆಳಮುಖವಾಗಿ ನಿಂತುಬಿಡುವದು. ಜರ್ಮನಿಯ ಹಾಲೆ ಪಟ್ಟಣದ ಶಸ್ತ್ರವೈದ್ಯ ರಿಚರ್ಡ್ ಫಾನ್ ಫೋಲ್ಕ್‌ಮನ್ನರು 1881ರಲ್ಲಿ ಈ ಅವಸ್ಥೆಯನ್ನು ವರ್ಣಿಸಿ, ಬಿಗಿಯಾದ ಕಟ್ಟುಗಳನ್ನು ಕಾರಣವಾಗಿ ತೋರಿಸಿದರು. ಇಷ್ಟು ಕಾಲವಾದ ಮೇಲೆಯೂ ಈ ಕೈಯನ್ನು ನಾವು ನಮ್ಮ ಸಂತೆಗಳಲ್ಲಿ ಕಾಣುತ್ತೇವೆ.

ಎಲುಬು ಕಟ್ಟುವ ನಾಟಿ ವೈದ್ಯರನ್ನು ಹಳಿಯುವದು ನಮ್ಮ ಉದ್ದೇಶವಲ್ಲ. ಹಗಲಿರುಳೆನ್ನದೆ ಬಾಗಿಲು ತೆರೆಯುವವರು ಅವರು. ಬಡವರಿಂದ ಹೆಚ್ಚು ಹಣ ಕೇಳುವವರಲ್ಲ. ಸರಿದಿರದ ಎಷ್ಟೋ ಮುರಿತಗಳು ಅವರ ಕಟ್ಟಿನಲ್ಲಿ ಕೂಡಿಕೊಂಡಿವೆ. ಆದರೆ ಮಕ್ಕಳ ಮೊಳಕೈಯು ಆ ಲೆಕ್ಕಕ್ಕೆ ಸೇರತಕ್ಕದ್ದಲ್ಲ. ಚಿಕ್ಕ ಮಗುವಿನ ಮೊಳಕೈಯ ಬಹುಭಾಗವು ಇನ್ನೂ ಮೆಲ್ಲೆಲುಬಾಗಿದ್ದು ಕ್ಷಕಿರಣದ ಚಿತ್ರದಲ್ಲಿ ಕಾಣುವದೇ ಇಲ್ಲ. ಚಿತ್ರವಿದ್ದರೂ ತಿಳಿದವರು ಮಾತ್ರ ಓದಬಲ್ಲರು, ಚಿತ್ರವೇ ಇಲ್ಲದೆ ಬೆರಳಿನಿಂದ ತಿಳಿಯುವದು ಹೇಗೆ? ಎಣ್ಣೆ ಹಚ್ಚಿ ತಿಕ್ಕುವದಂತೂ ಮೊಳಕೈಗೆ ಕೂಡದು. ಪೆಟ್ಟು ತಿಂದ ಮೊಳಕೈಯನ್ನು ತಿಕ್ಕಿ ಎಳೆದರೆ ಸ್ನಾಯುವಿನೊಳಗೇ ಎಲುಬು ಬೆಳೆದು ಕೀಲು ಸೆಟೆದುಕೊಳ್ಳುವದುಂಟು.

ಬಿದ್ದ ಮಗುವಿಗೆ ಮನೆಯಲ್ಲಿ ಮಾಡತಕ್ಕದ್ದು ಇಷ್ಟು. ಬಳೆ ಉಂಗುರಗಳನ್ನು ಮೊದಲು ತೆಗೆಯಿರಿ. ತಾಸು ಕಳೆದರೆ ಬಾವಿನಿಂದ ತೆಗೆಯಲು ಬಾರವು. ಕೈಯನ್ನು ನೆಟ್ಟಗೆ ಮಾಡಹೋಗದೆ ಇದ್ದ ರೀತಿಯಲ್ಲಿಯೇ ಮಡಚಿದ ಪತ್ರಿಕೆಯ ಮೇಲಿಟ್ಟು ಸಡಿಲಾಗಿ ಸುತ್ತಿ, ಓಢಣಿಯಿಂದ ಕೊರಳಿಗೆ ಜೋತುಹಾಕಿರಿ. ಮಗುವಿಗೆ ಊಟ ಕೊಡಬೇಡಿರಿ, ಮತ್ತು ಬರಿಸಬೇಕಾಗಬಹುದು. ಆಮೇಲೆ ಬೆರಳುಗಳನ್ನು ಪರೀಕ್ಷಿಸಿರಿ. ಉಗುರನ್ನು ಒತ್ತಿ ಬಿಟ್ಟರೆ ಎರಡು ಎಣಿಸುವಷ್ಟರಲ್ಲಿ ಕೆಂಪು ತಿರುಗಿ ಬರಬೇಕು. ಹೆಬ್ಬೆರಳನ್ನು ಮೇಲಕ್ಕೆತ್ತು ಎನ್ನಿರಿ. ಹೆಬ್ಬೆರಳು ತೋರುಬೆರಳುಗಳ ತುದಿ ಕೂಡಿಸಿ ಸೊನ್ನೆ ಮಾಡು ಎನ್ನಿರಿ. ಬೆರಳುಗಳನ್ನು ಅಗಲಿಸು ಎನ್ನಿರಿ. ಈ ಮೂರು ಆಟಗಳು ಮುಂಗೈಯ ಮೂರು ನರಗಳ ಪರೀಕ್ಷೆ. ಆಸ್ಪತ್ರೆಯಲ್ಲಿ ವೈದ್ಯರು ಮಾಡಿಸುವದೂ ಇವನ್ನೇ. ಏನು ಮಾಡಲಿಲ್ಲವೆಂಬದನ್ನು ಬರೆದಿಟ್ಟು ವೈದ್ಯರಿಗೆ ಹೇಳಿರಿ. ಸುರಪುರಕ್ಕೆ ಒಯ್ಯುವಿರೋ ಯಾದಗಿರಿ ಕಲಬುರಗಿಗೆ ಒಯ್ಯುವಿರೋ ಅದು ಸಮಯಕ್ಕೆ ತಕ್ಕಂತೆ. ವಾಹನವಿಲ್ಲದವರು 108ಕ್ಕೆ ಕರೆ ಮಾಡಬಹುದು. ಕಟ್ಟು ಯಾರೇ ಹಾಕಿರಲಿ, ದೊಡ್ಡ ಆಸ್ಪತ್ರೆಯ ಪ್ಲಾಸ್ಟರೇ ಆಗಿರಲಿ, ಕಟ್ಟಿದ ಮೇಲೆ ನೋವು ಇಳಿಯಬೇಕು. ಇಳಿಯದೆ ಏರುತ್ತ ಹೋದರೆ, ಬೆರಳುಗಳನ್ನು ನೀವು ಮೆಲ್ಲಗೆ ಬಿಚ್ಚಿದಾಗ ಮಗು ಚೀರಿದರೆ, ಬೆರಳು ತಣ್ಣಗಾಗಿ ಬಿಳುಪೇರಿದರೆ, ಜೋಮು ಹಿಡಿದರೆ, ಬೆಳಗಾಗಲೆಂದು ಕಾಯಬೇಡಿರಿ. ಆ ರಾತ್ರಿಯೇ ಕಟ್ಟು ಬಿಚ್ಚಿಸಬೇಕು.

ಹೆಣ್ಣುಮಗುವೆಂಬ ಕಾರಣದಿಂದ ಶಸ್ತ್ರಕ್ರಿಯೆಗೆ ಹಿಂಜರಿಯುವ ತಾಯಿತಂದೆಗಳಿದ್ದಾರೆ. ಗಾಯದ ಕಲೆ ಉಳಿದರೆ ಮುಂದೆ ಮದುವೆಗೆ ತೊಡಕಾದೀತೆಂದು ಅವರ ಭಯ. ಮೊಳಕೈಯ ಮೇಲಿನ ಈ ಮುರಿತಕ್ಕೆ ಬಹುಮಟ್ಟಿಗೆ ಚರ್ಮದ ಮೇಲಿಂದಲೇ ಎರಡು ಮೂರು ಸಣ್ಣ ತಂತಿಗಳನ್ನು ತೂರಿಸಿ ಎಲುಬನ್ನು ನಿಲ್ಲಿಸಿ, ಮೂರು ನಾಲ್ಕು ವಾರಗಳ ಮೇಲೆ ತೆಗೆದುಬಿಡುವರು. ಉಳಿಯುವದು ಸೂಜಿಯ ಚುಕ್ಕೆಯಷ್ಟು ಗುರುತು. ಹಾಗೆ ಮಾಡದೆ ಎಲುಬು ಸೊಟ್ಟಾಗಿ ಕೂಡಿದರೆ ಕೈ ಚಾಚಿದಾಗ ಮೊಳಕೈಯಿಂದ ಒಳಕ್ಕೆ ವಾಲಿ ಕಾಣುವದು. ಆ ಸೊಟ್ಟು ನೋಟಕ್ಕೆ ಕೆಟ್ಟದಾದರೂ ಅಂಗೈಯ ತಿರುವಿಗೆ ಬಹಳ ಅಡ್ಡಿ ಮಾಡದು. ಕಲೆಯ ಭಯದಿಂದ ಬಿಗಿದ ಕಟ್ಟಿನೊಳಗೆ ಬೆರಳುಗಳನ್ನೇ ಕಳೆದುಕೊಂಡ ಹೆಣ್ಣುಮಗಳ ಸಂಗತಿಯೇ ಬೇರೆ. ಆಕೆ ತನ್ನ ತಲೆಯನ್ನು ತಾನು ಬಾಚಿಕೊಳ್ಳಲಾರಳು.

ಮುಂಗೈಯ ಎರಡೂ ಎಲುಬುಗಳು ಮುರಿದಾಗ ನೆನಪಿಡಬೇಕಾದದ್ದು ರೇಡಿಯಸ್ಸಿನ ಬಾಗು. ಚಿಕ್ಕ ಮಕ್ಕಳ ಎಲುಬು ಸ್ವಲ್ಪ ಓರೆಯಾಗಿ ಕೂಡಿದರೂ ಬೆಳೆಯುತ್ತ ತಾನೇ ತಿದ್ದಿಕೊಳ್ಳುವದು. ಪ್ರೌಢಶಾಲೆಯ ವಯಸ್ಸಿನವರಿಗೆ ಆ ಅವಕಾಶ ಕಡಿಮೆ. ದೊಡ್ಡವರಿಗೆ ಇಲ್ಲವೇ ಇಲ್ಲ. ಎಲುಬು ಕೂಡಿದೆ, ಕೈ ನೆಟ್ಟಗೆ ಕಾಣುತ್ತದೆ, ಆದರೆ ಬಾಗು ಹೋಗಿರುವದರಿಂದ ಅಂಗೈ ತಿರುಗದು. ದೊಡ್ಡವರ ಇಂಥ ಮುರಿತಕ್ಕೆ ವೈದ್ಯರು ಪಟ್ಟಿ ತಿರುಪುಗಳನ್ನು ಹಾಕಬೇಕೆನ್ನುವದು ಇದೇ ಕಾರಣದಿಂದ.

ಅಜ್ಜಿಯರ ಪೆಟ್ಟು ಮಣಿಕಟ್ಟಿನದು. ಮುಟ್ಟು ನಿಂತ ಮೇಲೆ ಎಲುಬು ಟೊಳ್ಳಾಗುತ್ತ ಬರುವದರಿಂದ ಬಚ್ಚಲಲ್ಲಿ ಜಾರಿ ಕೈ ಊರಿದರೂ ರೇಡಿಯಸ್ಸಿನ ಕೆಳತುದಿ ಮುರಿದು, ಕೈ ಊಟದ ಮುಳ್ಳುಚಮಚದಂತೆ ಡೊಂಕಾಗುವದು. ಡಬ್ಲಿನ್ನಿನ ಅಬ್ರಹಾಂ ಕೋಲಿಸರು ಇದನ್ನು 1814ರಲ್ಲಿ, ಕ್ಷಕಿರಣಗಳು ತಿಳಿಯುವದಕ್ಕೆ 81 ವರ್ಷ ಮೊದಲೇ, ಬರಿಗಣ್ಣಿನಿಂದ ನೋಡಿ ಬೆರಳಿನಿಂದ ಮುಟ್ಟಿ ವರ್ಣಿಸಿದರು. ಪ್ಲಾಸ್ಟರು ಬಿಚ್ಚಿದ ಮೇಲೆ ಇವರಿಗೆ ಹೆಚ್ಚಾಗಿ ಕುಂದಿರುವದು ಮೇಲ್ಮುಖ ತಿರುವೇ. ಮೊಳಕೈಯನ್ನು ಪಕ್ಕೆಗೆ ಒತ್ತಿ, ಲಟ್ಟಣಿಗೆಯನ್ನು ಒಂದು ತುದಿಯಲ್ಲಿ ಹಿಡಿದು, ನೋವು ಹೆಚ್ಚಾಗದಷ್ಟು ಮೆಲ್ಲಗೆ ಆ ಕಡೆಗೂ ಈ ಕಡೆಗೂ ವಾಲಿಸಬೇಕು. ಲಟ್ಟಣಿಗೆಯ ಭಾರವೇ ಕೈಯನ್ನು ತಿರುಗಿಸುವದು. ದಿನಕ್ಕೆ ಮೂರು ನಾಲ್ಕು ಸಾರಿ ಹತ್ತು ಹತ್ತರಂತೆ ಮಾಡಿದರೆ ಸಾಕು. ಮಕ್ಕಳ ಮೊಳಕೈಗೆ ಇಷ್ಟೂ ಬೇಡ. ಆಡಲು ಬಿಟ್ಟರೆ ಕೆಲವು ತಿಂಗಳಲ್ಲಿ ತಾನಾಗಿಯೇ ಬಿಚ್ಚಿಕೊಳ್ಳುವದು.

ಕೊನೆಯದಾಗಿ, ಬೀಳದೆಯೇ ಬರುವ ನೋವು. ಮೊಳಕೈಯ ಹೊರಗಂಟಿನಲ್ಲಿ ನೋವು ಕಾಣಿಸಿಕೊಂಡು, ತುಂಬಿದ ಚರಿಗೆಯನ್ನು ಎತ್ತಲೂ ಬಟ್ಟೆ ಹಿಂಡಲೂ ಆಗದೆಂದು ನಮ್ಮ ಎಷ್ಟೋ ಹಳೆಯ ವಿದ್ಯಾರ್ಥಿನಿಯರು ಹೇಳುವರು. ಇದಕ್ಕೆ ಟೆನಿಸ್ ಎಲ್ಬೋ ಎಂದು ಹೆಸರು. ಟೆನಿಸ್ ಆಟವನ್ನು ಕಣ್ಣಾರೆ ಕಾಣದವರಿಗೇ ನಮ್ಮಲ್ಲಿ ಹೆಚ್ಚು. ಮಣಿಕಟ್ಟನ್ನು ಹಿಂದಕ್ಕೆ ಎತ್ತುವ ಸ್ನಾಯು ಆ ಗಂಟಿಗೆ ಅಂಟಿಕೊಂಡಲ್ಲಿ ನಾರು ಸವೆದಿರುವದೇ ಇದರ ಮೂಲ. ಅಂಗೈ ಕೆಳಗೆ ಮಾಡಿ ಭಾರ ಎತ್ತಿದರೆ ಆ ಸ್ನಾಯುವಿನ ಮೇಲೆ ಎಳೆತ ಹೆಚ್ಚು. ಅಂಗೈ ಮೇಲೆ ಮಾಡಿ ಎತ್ತಿದರೆ ಭಾರವು ಬೈಸೆಪ್ಸಿನ ಪಾಲಿಗೆ ಹೋಗುವದು. ಆದಕಾರಣ ಕೊಡವನ್ನು ಕಂಠದಲ್ಲಿ ಹಿಡಿದು ಎತ್ತುವದರ ಬದಲು ಅಡಿಗೆ ಅಂಗೈ ಕೊಟ್ಟು ಎತ್ತಿರಿ. ಒದ್ದೆ ಬಟ್ಟೆಯನ್ನು ನಲ್ಲಿಗೆ ಸುತ್ತಿ, ಎರಡು ತುದಿಗಳನ್ನೂ ಕೂಡಿಸಿ ಹಿಂಡಿರಿ. ಚುಚ್ಚುಮದ್ದಿನಿಂದ ಕೆಲವು ವಾರ ಸುಖವೆನಿಸುವದು. ಆದರೆ ವರ್ಷದ ಕೊನೆಗೆ ನೋಡಿದರೆ ಅದನ್ನು ಹಾಕಿಸಿಕೊಳ್ಳದವರ ಕೈಯೇ ಹೆಚ್ಚು ಚೆನ್ನಾಗಿರುವದೆಂದು ಪರೀಕ್ಷೆಗಳಿಂದ ತಿಳಿದಿದೆ. ಬಹುಮಂದಿಗೆ ಒಂದು ವರ್ಷ, ಒಂದೂವರೆ ವರ್ಷದೊಳಗೆ ಇದು ತಾನೇ ಇಳಿಯುವದು. ಅಷ್ಟರವರೆಗೆ ಮನೆಯ ಗಂಡಸರು ಬಟ್ಟೆ ಹಿಂಡಿ ಕೊಡಬಹುದು. ಅವರ ಮುಂಗೈಯಲ್ಲಿಯೂ ಇವೇ ಎರಡು ಎಲುಬುಗಳಿವೆ.